ಲೇಟ್ ಅಂದರೆ ಎರಡು ಅರ್ಥ

ಹೊಸಪೇಟೆ ಸುತ್ತಮುತ್ತಲ ಶಾಲೆಗಳಲ್ಲಿ ಇಪ್ಪತ್ತಾರು ವರ್ಷಗಳಿಂದ ಇಂಗ್ಲಿಷ್ ಕಲಿಸುತ್ತಿದ್ದೇನೆ. ಮಕ್ಕಳಿಗೆ ಇಂಗ್ಲಿಷ್ ಬಂದಿದೆಯೋ ಇಲ್ಲವೋ, ಒಂದು ಶಬ್ದಕ್ಕೆ ಇನ್ನೊಂದು ಅರ್ಥವಾಗುವ ಪ್ರಸಂಗಗಳು ಮಾತ್ರ ತಪ್ಪದೆ ಬರುತ್ತವೆ. ಮೊದಲೆಲ್ಲ ಮನೆಗೆ ಹೋಗಿ ಹೆಂಡತಿಗೆ ಹೇಳುತ್ತಿದ್ದೆ. ಅವಳು ನಗುತ್ತಿದ್ದಳು, ಅದೂ ಸ್ವಲ್ಪ ತಡವಾಗಿ. ಅವಳದು ಎಲ್ಲವೂ ತಡ. ಕಮಲಾಪುರದ ಬಸ್ಸು ಹೊರಡುವ ಹೊತ್ತಿಗೇ ಅವಳಿಗೆ ಸೆರಗಿನ ಪಿನ್ನು ನೆನಪಾಗುತ್ತಿತ್ತು. ಅಂಥವಳು ಹೋದ ವರ್ಷ ಎಲ್ಲರಿಗಿಂತ ಬೇಗ ಹೊರಟುಬಿಟ್ಟಳು.

ಅಂದಿನಿಂದ ಸೇವಾ ಪುಸ್ತಕದ ಕುಟುಂಬ ವಿವರದ ಫಾರ್ಮೊಂದು ನನ್ನ ಚೀಲದಲ್ಲೇ ಇತ್ತು. "ಏನಿಲ್ರಿ ಸರ್, ಮೇಡಮ್ಮಾರ ಹೆಸರಿನ ಮುಂದ 'ಲೇಟ್' ಅಂತ ಬರದು ಕೊಟ್ರ ಆತು" ಎಂದು ಗುಮಾಸ್ತರು ಮೂರು ಸಲ ಹೇಳಿದ್ದರು. ಬೇಗ ಹೋದವಳನ್ನು ಲೇಟ್ ಎಂದು ಬರೆಯುವುದು ಹೇಗೆ? ಇದು ಶಬ್ದದ ತಪ್ಪು ಅಂದುಕೊಂಡು ಪ್ರತಿ ಸಲವೂ ಪೆನ್ನು ಮುಚ್ಚುತ್ತಿದ್ದೆ.

೧. ದರೋಜಿಯ ಬಿಯರು

ಮಕ್ಕಳನ್ನು ದರೋಜಿಗೆ ಕರಡಿ ನೋಡಲು ಕರೆದುಕೊಂಡು ಹೋಗಿದ್ದೆವು. ಮರುದಿನ ಕಂಡದ್ದನ್ನು ಇಂಗ್ಲಿಷಿನಲ್ಲಿ ಬರೆಯಲು ಹೇಳಿದೆ. ಒಬ್ಬ ಹುಡುಗ ಒಂದೇ ಒಂದು ಅಕ್ಷರ ತಪ್ಪಿ, ಕರಡಿಗೆ 'ಬೇರ್' ಎಂದು ಬರೆಯುವ ಕಡೆಯೆಲ್ಲ 'ಬಿಯರ್' ಎಂದು ಬರೆದ. "ಸಂಜೆಯಾದ ಕೂಡಲೇ ಬಂಡೆಯ ಮೇಲೆ ಏಳು ಬಿಯರ್ ಬಂದವು. ನಮ್ಮ ಸರ್ ದೂರದಿಂದ ನೋಡಿಯೇ ಬಹಳ ಖುಷಿಪಟ್ಟರು."

ಅವನ ಅಪ್ಪ ನೋಟ್‌ಬುಕ್ ಹಿಡಿದುಕೊಂಡು ಶಾಲೆಗೆ ಬಂದ. "ಏನ್ರಿ ಸರ್ ಇದು, ಏಳು ಬಿಯರ್?"

"ಕರಡಿ ರೀ, ಕರಡಿ" ಎಂದೆ.

ಅವನಿಗೆ ಜೀವ ಬಂದಂತಾಯಿತು. "ಮೊದಲ ಹೇಳಬಾರದೇನ್ರಿ? ಕುಡುದು ಖುಷಿಪಡೋರನ್ನ ನೋಡೀನಿ, ದೂರದಿಂದ ನೋಡಿ ಖುಷಿಪಡೋ ಮನುಷ್ಯ ಎಂಥಾವ ಇರಬೇಕು ಅಂತ ನಿಮ್ಮನ್ನ ನೋಡಾಕ ಬಂದೆ!"

೨. ನನ್ನದು, ನಮ್ಮಪ್ಪನದಲ್ಲ

ಗಣಿಗಳ ಊರು ಸಂಡೂರಿನ ಶಾಲೆಯಲ್ಲಿದ್ದಾಗಿನ ಮಾತು. 'ಮೈನ್' ಅಂದರೆ 'ನನ್ನದು' ಎಂದು ಪಾಠ ಮಾಡಿದೆ. ಪೆನ್ನು ತೋರಿಸಿದೆ, ಕುರ್ಚಿ ತೋರಿಸಿದೆ, ಎಲ್ಲರೂ ಒಕ್ಕೊರಲಿನಿಂದ 'ಮೈನ್' ಎಂದರು. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಮಾತ್ರ ಬಾಯಿ ತೆರೆಯಲಿಲ್ಲ.

"ಯಾಕವ್ವ, ತಿಳೀಲಿಲ್ಲೇನು?"

ಅವಳು ಎದ್ದು ನಿಂತಳು. "ಸರ್, ನಮ್ಮಪ್ಪ ಹದಿನೈದು ವರ್ಷದಿಂದ ಮೈನ್ಸಿನ್ಯಾಗ ಲಾರಿ ಹೊಡೀತಾನ್ರಿ. ಮೈಯೆಲ್ಲ ಕೆಂಪು ಧೂಳು ಮಾಡ್ಕೊಂಡು ಬರ್ತಾನ. ಇಷ್ಟು ದಿನ ಆದ್ರೂ ಅದು ಅವಂದು ಅಂತ ಯಾರೂ ಹೇಳೇ ಇಲ್ರಿ."

ನಾನು ಬೋರ್ಡು ಒರೆಸತೊಡಗಿದೆ. ಗಂಟೆ ಹೊಡೆದದ್ದೇ ಪುಣ್ಯ.

೩. ಆಡಿನ ಸನ್ಮಾನ

ಶಿಕ್ಷಕರ ದಿನಾಚರಣೆಗೆ ಹತ್ತನೇ ತರಗತಿಯವರು ಗಣಿತದ ಮೇಷ್ಟ್ರಿಗೆ ಒಂದು ಕಾರ್ಡು ಕೊಟ್ಟರು. ಅದರಲ್ಲಿ 'ಸರ್, ನೀವು ಗೋಟ್' ಎಂದಿತ್ತು. ಮೇಷ್ಟ್ರು ಕೆಂಡವಾದರು. "ಲೇ, ನಾನೇನು ಆಡೇನಲೇ? ಸೊಪ್ಪು ತಿಂತೀನೇನು?"

ಹುಡುಗರು ನಡುಗುತ್ತಲೇ ವಿವರಿಸಿದರು: ಈಗ ಆಟಗಾರರನ್ನು ಹೊಗಳುವುದು ಹೀಗೆಯೇ. ಎಲ್ಲ ಕಾಲಕ್ಕೂ ದೊಡ್ಡವರು ಎಂಬ ಇಂಗ್ಲಿಷ್ ಮಾತಿನ ಮೊದಲಕ್ಷರಗಳನ್ನು ಕೂಡಿಸಿದರೆ ಗೋಟ್ ಆಗುತ್ತದೆ. ಮೇಷ್ಟ್ರು ಕಾರ್ಡನ್ನು ಮಡಿಸಿ ಎದೆಯ ಜೇಬಿನಲ್ಲಿಟ್ಟುಕೊಂಡರು.

ಸ್ಟಾಫ್ ರೂಮಿನಲ್ಲಿ ದೈಹಿಕ ಶಿಕ್ಷಕರು ಮಂಕಾಗಿ ಕೂತಿದ್ದರು. "ಏನಾತ್ರಿ?" ಎಂದೆ.

"ಹನ್ನೊಂದು ವರ್ಷ ಬಿಸಿಲಾಗ ಓಡಾಡೀನ್ರಿ ಸರ್. ಒಬ್ಬನರ ನನ್ನನ್ನ ಆಡು ಅಂದಾನೇನ್ರಿ?"

೪. ಲೇಟ್

ಮೊನ್ನೆ ಶನಿವಾರ ಬೆಳಿಗ್ಗೆ ಕಂಪ್ಲಿಯಿಂದ ಬರುವ ಹುಡುಗಿಯೊಬ್ಬಳು ಶಾಲೆಗೆ ಬರಲಿಲ್ಲ. ಅವಳ ಗೆಳತಿ ಒಂದು ಚೀಟಿ ತಂದುಕೊಟ್ಟಳು. ಇಂಗ್ಲಿಷಿನಲ್ಲಿ ಎರಡೇ ಸಾಲು: 'ಮೈ ಮದರ್ ಈಸ್ ಲೇಟ್. ಪ್ಲೀಸ್ ಗಿವ್ ಲೀವ್.'

"ಯಾವಾಗ ಆತವ್ವ?" ಎಂದು ಕೇಳಿದೆ.

"ಗೊತ್ತಿಲ್ರಿ ಸರ್, ಬಸ್ಸಿನ ಹತ್ರ ಕೊಟ್ಟು ಓಡಿ ಹೋದ್ಳು."

ಸಾವಿನ ಮನೆಗೆ ಯಾರು ಬಂದರು, ಯಾರು ಬರಲಿಲ್ಲ ಎಂಬುದು ಎಷ್ಟು ನೆನಪಿರುತ್ತದೆ ಎಂದು ನನಗೆ ಗೊತ್ತಿತ್ತು. ಮಧ್ಯಾಹ್ನ ಶಾಲೆ ಬಿಟ್ಟ ಕೂಡಲೇ ದೈಹಿಕ ಶಿಕ್ಷಕರನ್ನು ಕರೆದುಕೊಂಡು, ಬಸ್ ಸ್ಟ್ಯಾಂಡಿನ ಹತ್ತಿರ ದೊಡ್ಡ ಮಾಲೆಯೊಂದನ್ನು ಕೊಂಡು ಕಂಪ್ಲಿಗೆ ಹೋದೆ. ಬಾಗಿಲು ತೆರೆದಾಕೆ, "ಬರ್ರಿ ಸರ್, ಕುಂದ್ರಿ, ನಾ ಆಕಿ ಅವ್ವ" ಎಂದಳು.

ಮಾಲೆಯನ್ನು ಬೆನ್ನ ಹಿಂದೆ ಸರಿಸಿ ಒಳಗೆ ಕೂತ ಮೇಲೆ ಸಂಗತಿ ತಿಳಿಯಿತು. ಹಿಂದಿನ ದಿನ ಗಂಗಾವತಿಯ ತವರಿಗೆ ಹೋದಾಕೆ ಬೆಳಗಿನ ಮೊದಲ ಬಸ್ಸಿಗೆ ಬರಬೇಕಿತ್ತು, ಅದು ತಪ್ಪಿತು. ಅವ್ವ ಬರುವವರೆಗೆ ಮಗಳು ಪುಟ್ಟ ತಮ್ಮನನ್ನು ಬಿಟ್ಟು ಹೊರಡುವಂತಿರಲಿಲ್ಲ. ಲೇಟ್ ಅಂದರೆ ಅಷ್ಟೇ.

ಆಕೆಯ ಕಣ್ಣು ಮಾಲೆಯ ಮೇಲೆ ಬಿತ್ತು. "ಅಯ್ಯ, ನನ್ನ ಮಗಳು ಫಸ್ಟ್ ಬಂದಾಳೇನ್ರಿ?"

"ಹ್ಞೂಂ ರೀ" ಎಂದರು ದೈಹಿಕ ಶಿಕ್ಷಕರು, "ಇಂಗ್ಲಿಷಿನ್ಯಾಗ."

ಮಾಲೆ ಹುಡುಗಿಯ ಕೊರಳಿಗೆ ಬಿತ್ತು. ಅವಳು ನಂಬಲಾಗದೆ ನನ್ನನ್ನೇ ನೋಡಿದಳು, ನಾನು ಗೋಡೆ ನೋಡಿದೆ. ಮಂಡಕ್ಕಿ ಒಗ್ಗರಣೆ, ಮಿರ್ಚಿ ಬಜ್ಜಿ ಬಂದವು. ತಟ್ಟೆ ಇಡುತ್ತ ಆಕೆ, "ಮನ್ಯಾಗಿನವ್ರನ್ನೂ ಕರ್ಕೊಂಡು ಬರಬೇಕಿತ್ತಲ್ರಿ ಸರ್" ಎಂದಳು.

ಕನ್ನಡದಲ್ಲಿ ಹೇಳಲು ಬಾಯಿ ಬರಲಿಲ್ಲ. "ಅವಳು... ಲೇಟ್ ರೀ" ಎಂದೆ. ಅವಳ ಬಗ್ಗೆ ಆ ಶಬ್ದವನ್ನು ಬಾಯಿಂದ ಅಂದದ್ದು ಅದೇ ಮೊದಲು.

"ಅದಕ್ಯಾಕ ಮಾರಿ ಸಣ್ಣದು ಮಾಡ್ತೀರಿ? ಹೆಣ್ಮಕ್ಕಳಿಗೆ ಮನಿ ಕೆಲಸ ಮುಗುದು ಹೊರಡೋದ್ರಾಗ ಲೇಟ್ ಆಗತೈತಿ. ತಗೊಳ್ರಿ, ಬಂದ ಮ್ಯಾಲ ಕೊಡ್ರಿ" ಎಂದು ನಾಲ್ಕು ಮಿರ್ಚಿ ಕಟ್ಟಿಕೊಟ್ಟಳು.

ಬಸ್ಸಿನಲ್ಲಿ ದೈಹಿಕ ಶಿಕ್ಷಕರು ನನ್ನ ಮುಖವನ್ನೇ ಹೆದರಿ ನೋಡುತ್ತಿದ್ದರು. ಕಂಪ್ಲಿ ದಾಟಿ ಬಹಳ ದೂರ ಬಂದ ಮೇಲೆ ನನಗೆ ನಗು ಬಂತು. ನನ್ನವಳ ಹಾಗೆಯೇ, ತಡವಾಗಿ.

ಸೋಮವಾರ ಚೀಲದಲ್ಲಿದ್ದ ಆ ಫಾರ್ಮ್ ತುಂಬಿ ಕೊಟ್ಟೆ. ಗುಮಾಸ್ತರು ತಲೆ ಎತ್ತದೆ, "ಏನ್ ಸರ್, ಇಷ್ಟು ಲೇಟಾ?" ಎಂದರು.

"ಏನು ಮಾಡೋದ್ರಿ" ಎಂದೆ, "ನಮ್ಮ ಮನ್ಯಾಗಿನಾಕಿ ಯಾವಾಗಲೂ ಹಿಂಗ."