ಹೊಟ್ಟೆ ಆಡಿದ ಮಾತು

ಹೆದರಿಕೆಗೆ ಬೆಳಿಗ್ಗೆ ಒಂದು ತುತ್ತೂ ಗಂಟಲಲ್ಲಿ ಇಳಿಯಲಿಲ್ಲ. ಚಿನಾತ್ಸು ಒರಿಬೆಯ ಗ್ರಹಚಾರ ಅಲ್ಲಿಂದಲೇ ಶುರುವಾಯಿತು.

ಹದಿನಾಲ್ಕು ವರ್ಷಗಳಿಂದ ಆಕೆ ಟೋಕಿಯೋದ ಕಾರ್ಟೂನ್ ಚಿತ್ರಗಳಿಗೆ ದನಿ ಕೊಡುತ್ತಿದ್ದಳು. ಸಂತೆಯ ಗದ್ದಲ, ಬೆಕ್ಕು, 'ಮೂರನೆಯ ಹೆಂಗಸು'. ಹೆಸರಿರುವ ಪಾತ್ರ ಇವತ್ತೇ ಮೊದಲು: ಚಹಾದಂಗಡಿಯ ಒತ್ಸುರು. ಇದ್ದದ್ದು ಒಂದೇ ಮಾತು, "ಹೋಗಬೇಡಿ, ಆ ಬೆಟ್ಟದಲ್ಲಿ ಏನೋ ಇದೆ." ಇದೂ ಕೈತಪ್ಪಿದರೆ ತಮ್ಮ ನಟರ ಪಟ್ಟಿಯಿಂದ ಹೆಸರು ತೆಗೆಯುವುದಾಗಿ ಏಜೆನ್ಸಿಯವರು ಬಹಳ ವಿನಯದಿಂದ ತಿಳಿಸಿದ್ದರು. ಬೆಟ್ಟದಲ್ಲಿದ್ದ ಆ 'ಏನೋ' ಒಂದು ಭೂತ; ಅದಕ್ಕೆ ಮಾತ್ರ ಇನ್ನೂ ದನಿ ಸಿಕ್ಕಿರಲಿಲ್ಲ. ನಿರ್ದೇಶಕ ಮುರೋಯಿ ಆರು ಜನರನ್ನು ಗುರುಗುಟ್ಟಿಸಿ ನೋಡಿ, ಆರೂ ಜನರನ್ನು ಮನೆಗೆ ಕಳಿಸಿದ್ದ.

ಸ್ಟುಡಿಯೋದಲ್ಲಿ ಕಿರಿಯರು ಬಾಗಿಲ ಬಳಿ ಕೂತು ಹಿರಿಯರಿಗೆ ಬಾಗಿಲು ತೆಗೆಯಬೇಕು. ಮೂವತ್ತೆಂಟರ ಚಿನಾತ್ಸು ಇನ್ನೂ ಅಲ್ಲೇ ಕೂರುತ್ತಿದ್ದಳು. ಸರಸರ ಎನ್ನದ ಹತ್ತಿಯ ಅಂಗಿ, ಮೆತ್ತನೆಯ ಚಪ್ಪಲಿ. ಎಲ್ಲಕ್ಕೂ ಮೌನ ಕಲಿಸಿದ್ದಳು, ಹೊಟ್ಟೆಯೊಂದನ್ನು ಬಿಟ್ಟು.

ಕೆಂಪು ದೀಪ ಹತ್ತಿತು.

"ಹೋಗಬೇಡಿ, ಆ ಬೆಟ್ಟದಲ್ಲಿ..."

ಗುರ್ರ್! ಮೆಟ್ಟಿಲ ಮೇಲೆ ಯಾರೋ ಬೀರು ಎಳೆದಂತಾಯಿತು.

"ಏನೋ ಇದೆ ಅಂತ ಗೊತ್ತಾಯ್ತು ಬಿಡಿ," ಎಂದ ನಾಯಕನಿಗೆ ದನಿ ಕೊಡುವ ಸೆರಿಜಾವಾ. ಎಲ್ಲರೂ ನಕ್ಕರು.

ಎರಡನೆಯ ಸಲವೂ ಅದೇ. ಮೂರನೆಯ ಸಲವೂ ಅದೇ. ಗಾಜಿನಾಚೆ ಮುರೋಯಿ ಕಣ್ಣು ಮುಚ್ಚಿ ಕೂತುಬಿಟ್ಟ.

"ಹತ್ತು ನಿಮಿಷ ಬಿಡುವು."

ಎಲ್ಲರೂ ಗೌರವದಿಂದ 'ಕುರಾತಾ ಸಾನ್' ಎನ್ನುವ ಎಪ್ಪತ್ತರ ಹಿರಿಯ ನಟಿ ತಮ್ಮ ಬುತ್ತಿಯನ್ನೇ ತಂದು ಅವಳ ತೊಡೆಯ ಮೇಲಿಟ್ಟರು.

"ತಿನ್ನೇ ಹುಡುಗಿ. ಖಾಲಿ ಹೊಟ್ಟೇಲಿ ಮೈಕ್ ಮುಂದೆ ಯಾರಾದ್ರೂ ನಿಲ್ತಾರಾ?"

"ಅಯ್ಯೋ, ಮತ್ತೆ ನಿಮಗೆ?"

"ನನಗೇನು? ಈ ವಯಸ್ಸಲ್ಲಿ ಹಸಿವೂ ಇಲ್ಲ, ದೊಡ್ಡ ಪಾತ್ರಾನೂ ಇಲ್ಲ. ತಿನ್ನು."

ಹಿರಿಯರು ಕೊಟ್ಟದ್ದನ್ನು ಬೇಡವೆನ್ನುವಂತಿಲ್ಲ. ಮೂರು ಅನ್ನದುಂಡೆ ಮುಗಿಯುವಷ್ಟರಲ್ಲಿ ಸೆರಿಜಾವಾ ಎರಡು ಬಾಳೆಹಣ್ಣು ತಂದ. ಅದನ್ನೂ ನುಂಗಿದಳು.

ನಾಲ್ಕನೆಯ ಸಲ ಹೊಟ್ಟೆ ಕಲ್ಲಿನಂತೆ ಕೂತಿತ್ತು. ಮಾತು ಹದವಾಗಿ ಬಂತು. ಬದುಕಿನಲ್ಲಿ ಅವಳು ಯಾರಿಗೂ ಯಾವುದನ್ನೂ ಅಷ್ಟು ಚೆನ್ನಾಗಿ ಹೇಳಿರಲಿಲ್ಲ.

ಗಾಜಿನಾಚೆ ಮುರೋಯಿ ಮಾತ್ರ ಮೊದಲ ಮೂರು ಸಲದ ಮುದ್ರಣವನ್ನೇ ಮತ್ತೆ ಮತ್ತೆ ಹಾಕಿ ಕೇಳಿದ. ಕೊನೆಗೆ ಒಳಗೇ ಓಡಿ ಬಂದ.

"ಒರಿಬೆ ಸಾನ್, ಆಗ ಬಂತಲ್ಲ ಸದ್ದು, ಅದೇ ನಮ್ಮ ಭೂತ! ವಾರಕ್ಕೊಂದು ಕಂತು, ಹನ್ನೆರಡೂ ನಿಮ್ದೇ. ಆದ್ರೆ ಅದು ನಿಮ್ಮ ಮಾತಿಗೆ ಅಂಟ್ಕೊಂಡಿದೆ, ಬಿಡಿಸೋಕಾಗಲ್ಲ. ಬರೀ ಸದ್ದು ಒಂದ್ಸಲ ಕೊಡಿ."

"ಒತ್ಸುರು ಮಾತು?"

"ತೆಗೆದ್ಬಿಟ್ಟೆ. ಅಂಥ ಸದ್ದು ಕೇಳಿದ್ಮೇಲೆ ಅವಳಿಗೆ ಬಾಯೆಲ್ಲಿ ಬರುತ್ತೆ?"

ಕೆಂಪು ದೀಪ ಹತ್ತಿತು. ಎಲ್ಲರೂ ಉಸಿರು ಬಿಗಿಹಿಡಿದರು. ಚಿನಾತ್ಸು ಮೈಕಿಗೆ ಹೊಟ್ಟೆಯೊಡ್ಡಿ ನಿಂತಳು. ತಟ್ಟಿದಳು, ಒತ್ತಿದಳು, ಮನಸ್ಸಿನಲ್ಲೇ ಅಂಗಲಾಚಿದಳು. ತುಂಬಿದ ಹೊಟ್ಟೆ ಉಂಡ ಮಗುವಿನಂತೆ ನಿದ್ದೆ ಹೋಗಿತ್ತು.

ಆಗ ಬಂತು ಸದ್ದು. ಬೆಟ್ಟವೇ ಮಗ್ಗುಲು ಬದಲಿಸಿದಂಥ ಸದ್ದು. ಎಲ್ಲರೂ ತಿರುಗಿ ನೋಡಿದರು. ಕುರಾತಾ ಸಾನ್ ಎರಡೂ ಕೈಯಿಂದ ಹೊಟ್ಟೆ ಮುಚ್ಚಿಕೊಂಡು ನಾಚಿ ನಿಂತಿದ್ದರು.

"ಭೂತ ಸಿಕ್ತು!" ಎಂದು ಮುರೋಯಿ ಕೂಗಿದ.

ಕೆಲಸ ಮುಗಿದಾಗ ಕುರಾತಾ ಸಾನ್ ಬಾಗಿಲ ಬಳಿ ನಿಂತು ಅವಳ ಕೈ ಹಿಡಿದುಕೊಂಡರು.

"ಬೇಜಾರು ಮಾಡ್ಕೋಬೇಡ್ವೇ. ನಿನಗೂ ಕೆಲಸ ಇದೆ. ಇನ್ನು ಹನ್ನೆರಡು ವಾರ ನನ್ನ ಬುತ್ತಿ ನೀನೇ ತಿನ್ನಬೇಕು, ಆಯ್ತಾ?"

ಚಿನಾತ್ಸು ತಲೆಬಾಗಿ ಬಾಗಿಲು ತೆಗೆದು ಹಿಡಿದಳು. ಏನಾದರೂ ಹೇಳಬೇಕೆನಿಸಿತು. ಬಾಯಿಗೂ ಏನೂ ಬರಲಿಲ್ಲ, ಹೊಟ್ಟೆಗೂ.