ಆಮ್ಯಾಲಪುರದಲ್ಲಿ ಹೊತ್ತು ಹಿಂದಕ್ಕೆ ಹೋದದ್ದು

ಮಕ್ಕಳಿಂದ ನಾಟಕ ಆಡಿಸುವುದು ಅಂಥ ಕಷ್ಟದ ಕೆಲಸವೇನಲ್ಲ ಎಂದು ನಾನು ನಂಬಿದ್ದೆ. ಗಡಿಯಾಚೆ, ಕಾಸಾರಶಿರಸಿಯ ಹತ್ತಿರದ ಹಳ್ಳಿಯೊಂದರಲ್ಲಿ ಮರಾಠಿ ಶಾಲೆಗೆ ಹೊಂದಿಕೊಂಡಂತೆ ಒಂದು ಕನ್ನಡ ವರ್ಗವಿದೆ. ಅದಕ್ಕೆ ನಾನೊಬ್ಬನೇ ಗುರೂಜಿ. ಮಕ್ಕಳು ಹದಿನಾಲ್ಕು. ಈ ವರ್ಗವನ್ನು ಮುಚ್ಚಿ ಮಕ್ಕಳನ್ನು ಮರಾಠಿಗೆ ಸೇರಿಸಬೇಕೋ, ಇನ್ನೊಂದು ವರ್ಷ ಇಡಬೇಕೋ ಎಂದು ನೋಡಿ ಬರೆಯಲು ನಿಲಂಗಾದಿಂದ ಶಿಕ್ಷಣ ಇಲಾಖೆಯ ಸಾಹೇಬರು ಬರುವವರಿದ್ದರು. ಒಂದು ನಾಟಕದಿಂದ ಅವರನ್ನು ಗೆದ್ದುಬಿಡುತ್ತೇನೆಂದು ಹೆಂಡತಿ ಸುವರ್ಣಾಳ ಮುಂದೆ ಘೋಷಿಸಿದೆ.

"ಸುಮ್ನ ಮಗ್ಗಿ ಹೇಳಸರಿ. ಹದಿನಾಕು ಪಾರಗೋಳ ಮಾತದ. ನಿಮ್ಮ ಶಾಣ್ಯಾತನ ತೋರಸೂ ಜಾಗಾ ಅಲ್ಲದು," ಅಂದಳು.

ಅವಳ ಮಾತಿನಲ್ಲಿ ಸತ್ಯವಿತ್ತು. ಆದ್ದರಿಂದಲೇ ನಾನು ಕೇಳಲಿಲ್ಲ.

ಕುರಿ ಕಾಯುವ ಮಾಳಪ್ಪನಂತೂ ದಿನಾ ಬಂದು ನಿಲ್ಲುತ್ತಿದ್ದ. ಅವನ ಮಗಳು ಭಾಗ್ಯಾ ಮರಾಠಿ ವರ್ಗದಲ್ಲಿ ಒಂದು ವರ್ಷ ಬಾಯಿ ಬಿಡದೆ ಕೂತು, ನನ್ನಲ್ಲಿಗೆ ಬಂದ ಮೇಲೆ ಮಾತು ಕಲಿತವಳು. "ವರ್ಗ ಮುಚ್ಚಿದ್ರ ಆಕಿ ಮತ್ತ ಮೂಕಿ ಆಗ್ತಾಳ್ರಿ ಗುರೂಜಿ. ಕುರಿ ಹಿಂದೇ ಹೋಗ್ತಾಳ," ಅನ್ನುತ್ತಿದ್ದ.

ನನ್ನ ನಾಟಕದ ರಾಜ್ಯದ ಹೆಸರು ಆಮ್ಯಾಲಪುರ. ಅಲ್ಲಿ ಹೊತ್ತು ಸೂರ್ಯನ ಮಾತು ಕೇಳುವುದಿಲ್ಲ, ಡೊಳ್ಳಿನ ಮಾತು ಕೇಳುತ್ತದೆ. ಒಂದು ಪೆಟ್ಟು ಬಿದ್ದರೆ ಹೊತ್ತು ನಿಲ್ಲುತ್ತದೆ, ಎಲ್ಲರೂ ಇದ್ದಲ್ಲೇ ಗೊಂಬೆ. ಎರಡು ಬಿದ್ದರೆ ಮುಂದೆ ನಡೆಯುತ್ತದೆ. ಮೂರು ಬಿದ್ದರೆ ಹಿಂದಕ್ಕೆ ಹೋಗುತ್ತದೆ. ಅಲ್ಲಿಯವರೆಗೆ ಮಾಡಿದ್ದನ್ನೆಲ್ಲ ಒಂದೊಂದಾಗಿ ಬಿಚ್ಚುತ್ತ ಬರಬೇಕು. ತಿಂಗಳಿಡೀ ಎಣ್ಣೆ ಡಬ್ಬಿ ಬಡಿದು ತಾಲೀಮು ಕೊಟ್ಟೆ. "ಯಾರು ಏನಂದ್ರೂ ಕೇಳಬ್ಯಾಡ್ರಿ. ನಾ ಅಂದ್ರೂ ಕೇಳಬ್ಯಾಡ್ರಿ. ಪೆಟ್ಟು ಅಷ್ಟೇ ಕೇಳ್ರಿ," ಎಂದು ಆಜ್ಞೆ ಮಾಡಿದೆ. ನನ್ನ ವೃತ್ತಿಜೀವನದಲ್ಲಿ ಮಕ್ಕಳು ಪೂರ್ತಿ ಪಾಲಿಸಿದ ಆಜ್ಞೆ ಇದೊಂದೇ.

ಡಬ್ಬಿಯಲ್ಲೇ ಮುಗಿಸಿದ್ದರೆ ಮಾನ ಉಳಿಯುತ್ತಿತ್ತು. ಆದರೆ ಸಾಹೇಬರ ಮುಂದೆ ಎಣ್ಣೆ ಡಬ್ಬಿಯೇ? ಮಾಳಪ್ಪನಿಗೆ ಬೀರಪ್ಪ ದೇವರ ಡೊಳ್ಳು ತರಲು ಹೇಳಿದೆ. ಮರುದಿನವೇ ಕುರಿಗಳನ್ನು ಲೋಹಾರಾ ಕಡೆ ಹೊಡೆದುಕೊಂಡು ಹೋಗುವುದಿದ್ದುದರಿಂದ ಅವನು ತಾಲೀಮಿಗೆ ಬರುವಂತಿರಲಿಲ್ಲ. ನಾನು ಬೆರಳು ತೋರಿಸಿದಷ್ಟು ಪೆಟ್ಟು ಹೊಡೆದರಾಯಿತು ಎಂದೆ. "ಹೂಂರಿ," ಅಂದ.

ಸಾಹೇಬರು ಬಂದರು. ಇಬ್ಬರು ಮಕ್ಕಳು ಜೀಪಿನಿಂದ ಕೈ ಹಿಡಿದು ಕರೆತಂದರು. ಸ್ವಾಗತಗೀತೆಯಾಯಿತು. ತೆಂಗಿನಕಾಯಿ ಕೊಟ್ಟರು, ಶಾಲು ಹೊದಿಸಿದರು, ಭಾಗ್ಯಾ ಹಾರ ಹಾಕಿದಳು. ಸಾಹೇಬರು ನಗಲಿಲ್ಲ. ಕೈಗಡಿಯಾರ ನೋಡಿಕೊಂಡು ಕಾಗದ ತೆಗೆದು ತೊಡೆಯ ಮೇಲಿಟ್ಟುಕೊಂಡರು. ವರ್ಗ ಮುಚ್ಚುವ ಕಾಗದವೇ ಇರಬೇಕೆಂದುಕೊಂಡೆ.

ನಾಟಕ ಶುರುವಾಯಿತು. ನಾನು ಒಂದು ಬೆರಳೆತ್ತಿದೆ. ಮಾಳಪ್ಪ ಡೊಳ್ಳಿಗೆ ಭಂಡಾರದ ಅರಿಶಿನ ಹಚ್ಚಿ, ಕೈಮುಗಿದು, ಒಂದು ಪೆಟ್ಟು ಹೊಡೆದ. ಹನ್ನೊಂದು ಮಕ್ಕಳು ವೇದಿಕೆಯ ಮೇಲೆ, ಮೂವರು ಕೆಳಗೆ, ಇದ್ದಲ್ಲೇ ನಿಂತರು. ಸಾಹೇಬರು ಕುರ್ಚಿಯಲ್ಲಿ ಮುಂದೆ ಬಾಗಿದರು. ಗೆದ್ದೆ ಅಂದುಕೊಂಡು ಎರಡು ಬೆರಳೆತ್ತಿದೆ. ಮಾಳಪ್ಪನ ಕಣ್ಣು ಮುಚ್ಚಿತ್ತು.

ಡೊಳ್ಳು ಒಂದು, ಎರಡು, ಒಂದು ಎಂದು ಹೊರಟಿತು. ರಾಜ ರೊಟ್ಟಿ ಬಾಯಿಗಿಟ್ಟ, ನಿಂತ, ಅಗಿದ, ನಿಂತ. ನಾನು ಓಡಿಹೋಗಿ ಮಾಳಪ್ಪನ ತೋಳು ಹಿಡಿದೆ.

"ಮಾಳಪ್ಪಾ, ನಿಂದ್ರಸೋ."

"ಬರಂಗಿಲ್ರಿ. ಭಂಡಾರ ಬಿದ್ದ ಮ್ಯಾಲ ಪದಾ ಮುಗೀಲಾರದ ನಿಂದ್ರಸಿದ್ರ ದೇವರಿಗಿ ಅಪಮಾನ."

"ಎಷ್ಟೊತ್ತಿನ ಪದಾ?"

"ಸಣ್ಣದ ಅದರಿ. ಅರ್ಧಾ ತಾಸು."

ಅಷ್ಟರಲ್ಲಿ ಅವನ ಕೈ ಮೂರರ ನಡೆಗೆ ಬಿತ್ತು. ಮೂರು, ಮೂರು, ಮೂರು. ಆಮ್ಯಾಲಪುರದಲ್ಲಿ ಹೊತ್ತು ಹಿಂದಕ್ಕೆ ಹೊರಟಿತು. ರಾಜ ರೊಟ್ಟಿಯನ್ನು ಬಾಯಿಂದ ತೆಗೆದ. ಮಂತ್ರಿ ಕೊಟ್ಟ ಸಲಹೆ ವಾಪಸು ಪಡೆದ. ಎರಡೇ ನಿಮಿಷದಲ್ಲಿ ನಾಟಕ ಮೊದಲ ಸಾಲಿಗೆ ಬಂತು. ಇನ್ನಾದರೂ ಮಕ್ಕಳು ನಿಲ್ಲುತ್ತಾರೆಂದು ಉಸಿರು ಬಿಟ್ಟೆ. ಆದರೆ ನಾಟಕಕ್ಕಿಂತ ಮೊದಲು ಸ್ವಾಗತವಿತ್ತಲ್ಲ!

ಭಾಗ್ಯಾ ಹಿಮ್ಮುಖವಾಗಿ ವೇದಿಕೆ ಇಳಿದು ಬಂದು ಸಾಹೇಬರ ಕೊರಳಿನ ಹಾರ ತೆಗೆದಳು. ಇನ್ನೊಬ್ಬಳು ಶಾಲು ಎಳೆದುಕೊಂಡಳು. ತೆಂಗಿನಕಾಯಿಯನ್ನು ಸಾಹೇಬರು ಗಟ್ಟಿಯಾಗಿ ಹಿಡಿದಿದ್ದರು, ಆದರೂ ಹೋಯಿತು. ಸ್ವಾಗತಗೀತೆಯನ್ನು ಕೊನೆಯ ಸಾಲಿನಿಂದ ಮೊದಲ ಸಾಲಿಗೆ ಹಾಡಿದರು.

"ಗುರೂಜಿ, ಹೇ ಕಾಯ ಚಾಲ್ಲಯ?" ಎಂದು ಮರಾಠಿ ಶಾಲೆಯ ಮುಖ್ಯಾಧ್ಯಾಪಕಿಯವರು ಎದ್ದು ನಿಂತರು. ಇದೇನು ನಡೆದಿದೆ ಎಂದು ನನಗೂ ಯಾರಾದರೂ ಹೇಳಬೇಕಿತ್ತು. "ಸಾಕು, ನಿಂದ್ರರಿ," ಎಂದು ಕೂಗಿದೆ. ಮಕ್ಕಳು ನನ್ನ ಆಜ್ಞೆಯಂತೆ ನನ್ನ ಮಾತು ಕೇಳಲಿಲ್ಲ. ಇಬ್ಬರು ಸಾಹೇಬರ ಕೈ ಹಿಡಿದು, ಹಿಂದಡಿ ಇಡಿಸುತ್ತ ಜೀಪಿನವರೆಗೆ ಕರೆದೊಯ್ದು ಒಳಗೆ ಕೂರಿಸಿದರು. ಭಾಗ್ಯಾ ಬಾಗಿಲು ಹಾಕಿದಳು. ನಾನು ಹಿಂದೆಯೇ ಓಡಿದೆ. ಹದಿನಾಲ್ಕು ಮಕ್ಕಳ ಪಾಲಿನ ಬಾಗಿಲೇ ಮುಚ್ಚಿದಂತೆ ಅನ್ನಿಸಿತು.

ಸಾಹೇಬರು ಕಿಟಕಿಯಿಂದ ತಲೆ ಹೊರಹಾಕಿದರು. ಅಲ್ಲಿಯವರೆಗೆ ಮರಾಠಿಯನ್ನೇ ಆಡಿದ್ದ ಅವರು, "ಯಾಕವ್ವಾ, ನಾ ಏನ್ ತಪ್ಪ ಮಾಡೀನಿ?" ಅಂದರು. ಅವರ ತಾಯಿ ಔರಾದ ಶಹಾಜನಿ ಊರಿನ ಕನ್ನಡದವರೆಂದು ಆಮೇಲೆ ತಿಳಿಯಿತು.

"ತಪ್ಪಿಲ್ಲರಿ," ಅಂದಳು ಭಾಗ್ಯಾ, ಸ್ವಲ್ಪವೂ ಅಳುಕದೆ. "ನೀವು ಇನ್ನಾ ಬಂದೇ ಇಲ್ಲ."

ಸಾಹೇಬರು ಆಕೆಯ ಮುಖ ನೋಡಿದರು. ಆಮೇಲೆ ಜೀಪು ಅಲ್ಲಾಡುವಷ್ಟು ನಕ್ಕರು. "ಬರದೇ ಇದ್ದಾಂವ ವರ್ಗ ಹ್ಯಾಂಗ ಮುಚ್ಚಲಿ?" ಎಂದು ಅಲ್ಲೇ ತೊಡೆಯ ಮೇಲೆ ಕಾಗದ ಇಟ್ಟು ಬರೆದರು: ಮಕ್ಕಳು ಹೇಳಿದ್ದನ್ನು ಚೆನ್ನಾಗಿ ತಿಳಿದುಕೊಳ್ಳುತ್ತಾರೆ, ವರ್ಗ ಮುಂದುವರಿಯಲಿ. ಮಾಳಪ್ಪ ಬಂದು ಕೈಮುಗಿದಾಗ ನನ್ನ ಕಣ್ಣು ತುಂಬಿತು. ಕಾಗದದ ಕೆಳಗೆ ಇನ್ನೊಂದು ಸಾಲಿತ್ತು: ಶಿಕ್ಷಕರಿಗೆ ವೇಳೆ ಹೊಂದಿಸಿಕೊಳ್ಳುವ ತರಬೇತಿ ಕೊಡಿಸತಕ್ಕದ್ದು.

ತರಬೇತಿ ಉದಗೀರದಲ್ಲಿ ಒಂದು ವಾರ ನಡೆಯಿತು. ಮೊದಲ ದಿನವೇ ಬಸ್ಸು ತಪ್ಪಿ, ತಡವಾಗಿ ಹೋಗಿ, ಬಾಗಿಲ ಹೊರಗೆ ನಿಂತೆ. ಆ ವಾರ ನನ್ನ ವರ್ಗವನ್ನು ಮಾಳಪ್ಪ ಡೊಳ್ಳು ಹಿಡಿದು ನೋಡಿಕೊಂಡ. ತಿರುಗಿ ಬಂದಾಗ ಭಾಗ್ಯಾ ಎಲ್ಲರಿಗಿಂತ ಮೊದಲು ಎದ್ದು ನಿಂತಳು. ನಾನು ಹೆಮ್ಮೆಯಿಂದ, "ಏನವಾ?" ಅಂದೆ.

"ಗುರೂಜಿ, ಟ್ರೇನಿಂಗ್ ಇನ್ನೊಂದು ವಾರ ಇಲ್ಲೇನ್ರಿ?"