ಬಣ್ಣದ ಮುಖವನ್ನೇ ನಂಬಿದವರು

ನಾಟಕ ಬರೆಯುವುದು, ಆಡಿಸುವುದು, ಬಣ್ಣ ಹಚ್ಚುವುದು, ಸಿನಿಮಾದಲ್ಲಿ ಖಳನಾಗುವುದು: ಎಪ್ಪತ್ತರ ದಶಕದಲ್ಲಿ ಇಷ್ಟನ್ನೂ ನಾನೊಬ್ಬನೇ ಮಾಡುತ್ತಿದ್ದೆ. ಹಿಂಗಾಗಿ ನಗೆಪಾಟಲಾಗುವುದಕ್ಕೂ ಬರ ಇರಲಿಲ್ಲ.

ಟಿ.ವಿ.ಯೊಳಗಿನ ಮುದುಕ

ಮುಂಬೈ ಟಿ.ವಿ.ಗೆ ಒಂದು ಮರಾಠಿ ಪ್ರಹಸನ ಬರೆದು, ಬಿಳಿ ಗಡ್ಡ ಅಂಟಿಸಿಕೊಂಡು ಮುದುಕನ ಪಾತ್ರವನ್ನೂ ಮಾಡಿದ್ದೆ. ಆಗ ಸೊಲ್ಲಾಪುರದಲ್ಲಿ ಟಿ.ವಿ. ಕಾಣುತ್ತಿರಲಿಲ್ಲ. ನಾನು ಅಲ್ಲಿನ ನವಿ ಪೇಠದ ನಮ್ಮ ಬಟ್ಟೆ ಅಂಗಡಿ ಬಿಟ್ಟೆನೆಂಬ ಸಿಟ್ಟು ಅಪ್ಪನಿಗೆ ಇನ್ನೂ ಇಳಿದಿರಲಿಲ್ಲ. ಆದರೂ ಯಾರಿಗೂ ಹೇಳದೆ ಪುಣೆಯಲ್ಲಿದ್ದ ತಮ್ಮ ತಂಗಿಯ ಮನೆಗೆ ಹೋಗಿ ನೋಡಿ ಬಂದರು.

"ಹೆಂಗಿತ್ತರಿ?" ಎಂದೆ.

"ನೀ ಈಗ ಬರ್ತಿ, ಆಗ ಬರ್ತಿ ಅಂತ ಕಾಯ್ಕೋತ ಕುಂತ್ವಿ. ಆ ಹಾಳ ಮುದುಕ ಎದ್ದು ಹೋದ್ರ ಅಲ್ಲ, ನೀ ಬರೂದು."

ಒಳಗಿನವರು

ಮಂಗಳವೇಢೆ ಕಡೆಯ ಹಳ್ಳಿಯೊಂದರಲ್ಲಿ ನನ್ನದೇ ನಾಟಕ. ನಡುವೆ ಮಾತು ಮರೆತು ನಿಂತೆ. ಪರದೆಯ ಹಿಂದಿನಿಂದ ಗೆಳೆಯ ಪುಸ್ತಕ ನೋಡಿ ಹೇಳಿಕೊಟ್ಟ. ನನಗೆ ಕೇಳಲಿಲ್ಲ. ಮತ್ತೆ ಹೇಳಿದ. ಮುಂದೆ ಕುಳಿತಿದ್ದ ರೈತರೊಬ್ಬರು ತಡೆಯಲಾರದೆ ಎದ್ದು, "'ನಾ ಈ ಮನಿ ಬಿಟ್ಟು ಹೋಗತೀನಿ' ಅನಬೇಕಂತ್ರಿ ನೀವು," ಎಂದರು. ಅಂದೆ.

ಆಟ ಮುಗಿದ ಮೇಲೆ ಅವರೇ ಬಂದು, ನಾಟಕ ಬರೆದವರು ಯಾರು ಎಂದು ಕೇಳಿದರು. ನಾನೇ ಎಂದೆ. ನನ್ನ ಮುಖ ನೋಡಿದರು, ಪರದೆ ನೋಡಿದರು.

"ಇರ್ಲಿ ಬಿಡ್ರಿ. ನಾ ಒಳಗಿನವರನ್ನ ಕೇಳತೀನಿ."

ಅಕ್ಕಲಕೋಟೆಯ ಹೆಣ್ಣು

ನನ್ನ ಮೊದಲ ಸಿನಿಮಾದಲ್ಲಿ, ಹೆಂಡತಿಯನ್ನು ಬಾವಿಗೆ ನೂಕುವ ಗಂಡ ನಾನು. ಅದು ಅಕ್ಕಲಕೋಟೆಯ ಟಾಕೀಜಿಗೆ ಬಂದ ವಾರವೇ, ಅಲ್ಲಿನ ಒಕ್ಕಲುತನದ ದೊಡ್ಡ ಮನೆಯೊಂದಕ್ಕೆ ಅಪ್ಪನ ಜೊತೆ ಹೆಣ್ಣು ನೋಡಲು ಹೋದೆ. ಮನೆಮಂದಿಯೆಲ್ಲ ಆಗಲೇ ಸಿನಿಮಾ ನೋಡಿ ಬಂದಿದ್ದರು.

"ಇಂಥಾವಗ ನಮ್ಮ ಕೂಸು ಕೊಡಂಗಿಲ್ಲ," ಎಂದರು ಹುಡುಗಿಯ ಅಜ್ಜಿ.

ನನ್ನ ಧಂದೆಯನ್ನೇ ಒಪ್ಪದ ಅಪ್ಪ ಅವತ್ತು ಅದರ ಪರವಾಗಿ ವಕಾಲತ್ತು ಮಾಡಿದರು. "ಅದು ಬರೇ ಸೋಗು ರೀ, ಆಯಿ. ಇಂವಾ ಇಲಿ ಕಂಡ್ರ ಕುರ್ಚಿ ಏರ್ತಾನ."

ಅಜ್ಜಿ ಜಗ್ಗಲಿಲ್ಲ. ನನಗೋ ಹುಡುಗಿ ನೋಡಿದ ಗಳಿಗೆಯೇ ಮನಸ್ಸಿಗೆ ಬಂದಿದ್ದಳು. ಮುಖ ಸಣ್ಣದು ಮಾಡಿಕೊಂಡು ಎದ್ದೆ. ಆಗ ಅವಳೇ ಬಾಗಿಲ ಮರೆಯಿಂದ ಮೆಲ್ಲಗೆ ಹೇಳಿದಳು: "ಅಜ್ಜಿ, ನೂಕೂ ಮುಂದ ಅವರ ಕೈ ನಡಗಾಕತ್ತಿದ್ವು. ನಾ ನೋಡೀನಿ."

ಅಜ್ಜಿ ಅಪ್ಪನ ಕಡೆ ತಿರುಗಿದರು.

"ನಿಮ್ಮ ಮನ್ಯಾಗ ಬಾವಿ ಐತೇನ್ರಿ?"

"ಇಲ್ಲರಿ, ನಳ ಐತಿ."

"ಹಂಗಾದ್ರ ಮುಹೂರ್ತ ತಗಸ್ರಿ."